ಸಂತೆಯ ಆ ಗಲಾಟೆ ನಿಜದ್ದೇನಾ?

ಪ್ರಶ್ನೆ: ನಮ್ಮದು ಕೋಲಾರ. ಎಪಿಎಂಸಿಗೆ ಟೊಮೆಟೊ ತಂದು, ಹರಾಜು ಶುರುವಾಗುವ ತನಕ ಸುಮ್ನೆ ಕೂತಿದ್ದಾಗ ಮೊಬೈಲಿನಲ್ಲಿ ಜಪಾನಿನ ಹಳೇ ಸಂತೆಯ ಫಿಲ್ಮ್ ನೋಡಿದೆ. ಸುಮಾರು 90 ವರ್ಷದ ಹಿಂದಿನದಂತೆ. ವ್ಯಾಪಾರಿಗಳ ಕೂಗು, ಮರದ ಚಪ್ಪಲಿಯ ಟಕಟಕ ಎಲ್ಲಾ ಕೇಳಿಸುತ್ತದೆ. ಈ ಶಬ್ದ ಈಗ ಸೇರಿಸಿದ್ದು ಅಲ್ವಾ? ಅಲ್ಲೂ ನಮ್ಮ ಹಾಗೇ ಕೂಗಿ ಮಾರುತ್ತಿದ್ದರಾ?
— ಓದುಗರು, ಕೋಲಾರ

ಉತ್ತರ: ನಿಜದ್ದೂ ಇರಬಹುದು. ಅಮೆರಿಕದ ಫಾಕ್ಸ್ ಮೂವಿಟೋನ್ ಸುದ್ದಿಚಿತ್ರದವರು 1920ರ ದಶಕದ ಕೊನೆಗೇ ಮೈಕು, ಕ್ಯಾಮೆರಾ ಹೊತ್ತು ಬೀದಿಗಿಳಿದಿದ್ದರು. ಮೈಕಿಗೆ ಬಿದ್ದ ಶಬ್ದಕ್ಕೆ ತಕ್ಕಂತೆ ಒಂದು ದೀಪದ ಬೆಳಕು ಏರುತ್ತಾ ಇಳಿಯುತ್ತಾ ಇರುತ್ತಿತ್ತು, ಆ ಬೆಳಕು ಅದೇ ಫಿಲ್ಮಿನ ಅಂಚಿನಲ್ಲಿ ಸಣ್ಣ ಸಣ್ಣ ಗೆರೆಯಾಗಿ ಅಚ್ಚಾಗುತ್ತಿತ್ತು. ಅಂದರೆ ಚಿತ್ರ, ಶಬ್ದ ಎರಡೂ ಒಂದೇ ಪಟ್ಟಿಯಲ್ಲಿ.

ಮೊದಲು ಜನರ ನಡಿಗೆ ನೋಡಿ. ಟಾಕಿ ಕ್ಯಾಮೆರಾ ಸೆಕೆಂಡಿಗೆ 24 ಚಿತ್ರದ ಲೆಕ್ಕದಲ್ಲೇ ಓಡಬೇಕು, ಹಾಗಾಗಿ ನಡಿಗೆ ಸಹಜವಾಗಿರುತ್ತದೆ. ಎಲ್ಲರೂ ಬಸ್ಸು ತಪ್ಪಿಹೋಗುತ್ತೆ ಅನ್ನೋ ಹಾಗೆ ಸರಸರ ಓಡುತ್ತಿದ್ದರೆ ಅದು ಮೂಕಿ ಫಿಲ್ಮ್, ಶಬ್ದ ಆಮೇಲೆ ಅಂಟಿಸಿದ್ದು. ಬಣ್ಣ ಬಳಿದ ಕ್ಲಿಪ್ಪುಗಳಲ್ಲಿ ಈ ಕೆಲಸ ಜಾಸ್ತಿ. ಒಂದೊಂದು ಹೆಜ್ಜೆಯೂ ಬಿಡಿಬಿಡಿಯಾಗಿ ಕೇಳಿಸಿದರೂ ಅನುಮಾನ ಪಡಿ. ನಾಳೆ ನಿಮ್ಮ ಮಂಡಿಯಲ್ಲೇ ಫೋನು ಹಿಡಿದು ರೆಕಾರ್ಡ್ ಮಾಡಿ, ಹರಾಜು ಕೂಗುವವನಿಗಿಂತ ಹಿಂದಿನ ಲಾರಿ ಹಾರನ್ನೇ ಜೋರಾಗಿ ಬಂದಿರುತ್ತದೆ. ನಿಜವಾದ ಸಂತೆ ಹಾಗೇ, ಒಂದರ ಮೇಲೊಂದು ಬಿದ್ದು ಗಜಿಬಿಜಿ.

ಜಪಾನಿನವರದೇ ಮೊದಲ ಪೂರ್ತಿ ಟಾಕಿ 1931ರದು, ಗೋಶೋ ಹೇನೊಸುಕೆ ಅವರ ‘ಮದಾಮು ತೊ ನ್ಯೋಬೋ’. ನಮ್ಮ ‘ಸತಿ ಸುಲೋಚನ’ಕ್ಕಿಂತ 3 ವರ್ಷ ಹಿಂದೆ. ಅದರ ಕಥೆಯೇ ಗಲಾಟೆ ನೋಡಿ: ನಾಟಕ ಬರೆಯಲು ಕೂತವನಿಗೆ ಬೆಕ್ಕು, ಮಗುವಿನ ಅಳು, ಪಕ್ಕದ ಮನೆಯ ಜಾಝ್ ಎಲ್ಲಾ ಸೇರಿ ಒಂದು ಸಾಲೂ ಬರೆಯೋಕೆ ಬಿಡೋದಿಲ್ಲ. ಹೊಸದಾಗಿ ಮೈಕು ಸಿಕ್ಕಾಗ ಇದಕ್ಕಿಂತ ಒಳ್ಳೇ ಕಥೆ ಬೇಕಾ! ಕ್ಯಾಮೆರಾದ ಆಚೆ ವಾದ್ಯದವರನ್ನು ಕೂರಿಸಿಕೊಂಡು ಸಂಗೀತವನ್ನೂ ಆಗಲೇ ರೆಕಾರ್ಡ್ ಮಾಡಿಕೊಂಡರು.

ಕೂಗೋದಾ? ತೋಫು (ಸೋಯಾ ಪನೀರು) ಮಾರುವವನಿಗೆ ಪುಟ್ಟ ತುತ್ತೂರಿಯೇ ಇತ್ತು. ಮೋಜಿ ಬಂದರಿನಲ್ಲಿ ತೈವಾನಿನಿಂದ ಬಂದ ಬಾಳೆಹಣ್ಣು ಹಣ್ಣಾಗಿ ಕೆಡುವ ಮೊದಲೇ ಖಾಲಿ ಮಾಡಬೇಕಲ್ಲ, ಅದಕ್ಕೆ ಕೋಲಿನಿಂದ ಹಲಗೆ ಬಡಿಯುತ್ತಾ, ರಾಗವಾಗಿ ಮಾತು ಹೊಸೆಯುತ್ತಾ ಮಾರುತ್ತಿದ್ದರು. ನಿಮ್ಮಲ್ಲಿ ಹರಾಜಿನಲ್ಲಿ ಬಾಕ್ಸಿನ ರೇಟು ಏರುತ್ತಾ ಹೋದರೆ, ಅಲ್ಲಿ ಕೂಗುವವನೇ ಇಳಿಸುತ್ತಾ ಬರುತ್ತಿದ್ದ.