ಹರಾಜಿನ ಬಾಕಿ ಹಣಕ್ಕೆ ಗಡುವು ಸಿಗುತ್ತದೆಯೇ?

ಪ್ರಶ್ನೆ: ಪುಣೆಯಲ್ಲಿ ಕೋರ್ಟ್ ಹರಾಜಿನ ಫ್ಲ್ಯಾಟು 40 ಲಕ್ಷಕ್ಕೆ ನನಗೆ ನಿಂತಿದೆ. 10 ಲಕ್ಷ ಕಟ್ಟಿದ್ದೇನೆ. ಬ್ಯಾಂಕ್ ಸಾಲಕ್ಕೆ ತಿಂಗಳಾಗುತ್ತದಂತೆ. ಕಾಲಾವಕಾಶ ಕೇಳಬಹುದೇ?
— ಓದುಗರು, ಕೋಥ್ರುಡ್

ಉತ್ತರ: ಕೇಳಿ ಪ್ರಯೋಜನವಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶ, 85ನೇ ನಿಯಮದಂತೆ ಉಳಿದ 30 ಲಕ್ಷವನ್ನು ಹರಾಜಾದ 15ನೇ ದಿನ ಕೋರ್ಟ್ ಮುಚ್ಚುವುದರೊಳಗೆ ಕಟ್ಟಲೇಬೇಕು. ಈ ಗಡುವು ಕಡ್ಡಾಯವೆಂದು ಸುಪ್ರೀಂ ಕೋರ್ಟ್ 1954ರಲ್ಲೇ ಹೇಳಿದೆ. ತಪ್ಪಿದರೆ ಮರುಹರಾಜು, ಕಟ್ಟಿದ 10 ಲಕ್ಷವೂ ಮುಟ್ಟುಗೋಲಾಗಬಹುದು. ಬ್ಯಾಂಕನ್ನು ನೆಚ್ಚಿ ಕೂರಬೇಡಿ, ಕೈಸಾಲವಾದರೂ ಮಾಡಿ.

ಕಟ್ಟಿದ ಕೂಡಲೇ ಬಣ್ಣ ಬಳಿಸಲು ಹೊರಡಬೇಡಿ. ಯಾರ ಸಾಲಕ್ಕಾಗಿ ಫ್ಲ್ಯಾಟು ಹರಾಜಾಯಿತೋ ಆ ಸಾಲಗಾರ ಹರಾಜಾದ 60 ದಿನದೊಳಗೆ ಹರಾಜು ಪ್ರಕಟಣೆಯಲ್ಲಿನ ಬಾಕಿಯನ್ನೂ ನಿಮಗಾಗಿ ಬೆಲೆಯ ಶೇ. 5ನ್ನೂ, ಅಂದರೆ 2 ಲಕ್ಷ, ಠೇವಣಿಯಿಟ್ಟು ಅರ್ಜಿ ಹಾಕಿದರೆ ಮಾರಾಟ ರದ್ದಾಗುತ್ತದೆ. ಸ್ಥಿರೀಕರಣದ, ಅಂದರೆ ಕೋರ್ಟ್ ಮಾರಾಟವನ್ನು ಖಾಯಂ ಮಾಡಿದ, ಬಳಿಕವೇ ಮಾರಾಟ ಪ್ರಮಾಣಪತ್ರ. ಒಳಗಿದ್ದವರು ಬಿಡದಿದ್ದರೆ ಸ್ವಾಧೀನದ ಅರ್ಜಿಗೆ ಸ್ಥಿರೀಕರಣದ ದಿನದಿಂದ ಒಂದೇ ವರ್ಷ.