ಪಾಸ್‌ಪೋರ್ಟ್ ಬಿಡದೆ ಕೋರ್ಟಿಗಿಳಿದ ಹುಡುಗಿ

ಓದುಗರ ಪತ್ರ: "ಕಳೆದ ಸಂಚಿಕೆಯಲ್ಲಿ ಮಂಗೋಲಿಯಾದ ಯಾರೋ ವಾಲಿಬಾಲ್ ಹುಡುಗಿ ಇನ್‌ಕುಶಿಗೆ ಎರಡು ಪುಟ ಕೊಟ್ಟಿದ್ದೀರಿ. ಟಿ.ವಿ. ಶೋದಲ್ಲಿ ಕಾಣಿಸಿಕೊಂಡು ಕೊರಿಯಾ ಲೀಗಿಗೆ ಹೋದವಳು. ದುಡ್ಡಿಗಾಗಿ ದೇಶ ಬಿಟ್ಟವಳು. ಇಂಥವರನ್ನು ಹೊಗಳಿ ಮಕ್ಕಳಿಗೆ ಏನು ಹೇಳಿಕೊಡುತ್ತೀರಿ? ನಮ್ಮ ಹುಡುಗರ ಬಗ್ಗೆ ಬರೆಯಲು ಜಾಗ ಇಲ್ವಾ?"
— ನಿವೃತ್ತ ಪಿ.ಟಿ. ಮೇಷ್ಟ್ರು, ದಕ್ಷಿಣ ಕನ್ನಡ

ಸಂಪಾದಕರ ಉತ್ತರ:

ಮೇಷ್ಟ್ರೇ, ನಮಸ್ಕಾರ.

ಪತ್ರ ಖಾರವಾಗಿದೆ. ಆದರೂ ಖುಷಿಯಾಯಿತು. ಎರಡು ಪುಟವನ್ನೂ ಪೂರ್ತಿ ಓದಿದವರು ಮಾತ್ರ ಇಷ್ಟು ಚೆನ್ನಾಗಿ ಬೈಯಬಲ್ಲರು. ಟಿ.ವಿ. ವಿಷಯದಲ್ಲಿ ನೀವು ಹೇಳಿದ್ದು ಅರ್ಧ ಸರಿ. ದೇಶ ಬಿಟ್ಟಳು ಅನ್ನುವುದು ಮಾತ್ರ ಪೂರ್ತಿ ತಪ್ಪು. ಅಲ್ಲಿಂದಲೇ ಶುರು ಮಾಡುತ್ತೇನೆ, ಯಾಕೆಂದರೆ ಈ ಹುಡುಗಿಯ ಕತೆಯ ತಿರುಳು ಇರುವುದೇ ಅಲ್ಲಿ.

ಇನ್‌ಕುಶಿ ಅನ್ನುವುದು ಜೆರ್ಸಿ ಮೇಲಿನ ಹೆಸರು. ಪೂರ್ತಿ ಹೆಸರು ಜಮಿಯನ್‌ಪುರೇವ್ ಎಂಖ್‌ಸೊಯೊಲ್. ಆಕೆ ಕೊರಿಯಾದ ವೃತ್ತಿಪರ ಲೀಗಿನಲ್ಲಿ, ಅಂದರೆ ವಿ-ಲೀಗ್‌ನಲ್ಲಿ, ಕಣಕ್ಕಿಳಿದದ್ದು ಮಂಗೋಲಿಯಾದ ಪಾಸ್‌ಪೋರ್ಟ್ ಇಟ್ಟುಕೊಂಡೇ. ಇದರಲ್ಲೇನು ವಿಶೇಷ ಅಂತೀರಾ? ಆಕೆಗಿಂತ ಕೆಲವೇ ವರ್ಷ ಮುಂಚೆ ಅದೇ ದಾರಿಯಲ್ಲಿ ಹೋದವರಿಗೆ ಆ ಭಾಗ್ಯ ಇರಲಿಲ್ಲ.

ಯೊಮ್ ಒರುಹೊಂಗ್ ಅನ್ನುವ ಹುಡುಗಿಯನ್ನೇ ನೋಡಿ. ಮಂಗೋಲಿಯಾದಲ್ಲಿ ಹುಟ್ಟಿ, ಹದಿಹರೆಯದಲ್ಲಿ ವಾಲಿಬಾಲ್ ಆಡಲೆಂದೇ ಕೊರಿಯಾದ ಮೊಕ್ಪೊ ಊರಿನ ಹೈಸ್ಕೂಲು ಸೇರಿದವಳು. ಎತ್ತರ ಸುಮಾರು 195 ಸೆಂ.ಮೀ. ಅಂಥ ಹುಡುಗಿ ಬ್ಲಾಕಿಗೆ ನಿಂತರೆ ಎದುರಿನವರಿಗೆ ಸ್ಮ್ಯಾಷ್ ಹೊಡೆಯಲು ಜಾಗ ಎಲ್ಲಿ? ಆದರೆ ಹೊಸ ಆಟಗಾರ್ತಿಯರನ್ನು ಆರಿಸುವ ಡ್ರಾಫ್ಟ್ ಇರುವುದು ಕೊರಿಯಾದವರಿಗೆ. ವಿದೇಶಿಯರಿಗೆ ಪ್ರತಿ ತಂಡದಲ್ಲಿ ಆಗ ಇದ್ದದ್ದು ಒಂದೇ ಸ್ಥಾನ. ಅದಕ್ಕೆ ದೂರದ ದೇಶಗಳಿಂದ ದೊಡ್ಡ ದೊಡ್ಡ ಸ್ಮ್ಯಾಷರ್‌ಗಳು ಬರುತ್ತಿದ್ದರು. ಶಾಲೆ ಮುಗಿಸಿದ ಮಂಗೋಲಿಯಾದ ಹುಡುಗಿಗೆ ಉಳಿದ ದಾರಿ ಒಂದೇ, ಕೊರಿಯಾದ ಪ್ರಜೆ ಆಗುವುದು. ಕೊರಿಯಾದ ಹೆಸರಾಂತ ಸೆಟ್ಟರ್, ಅಂದರೆ ಸ್ಮ್ಯಾಷ್ ಹೊಡೆಯುವವರಿಗೆ ಚೆಂಡು ಎತ್ತಿಕೊಡುವ ಆಟಗಾರ್ತಿ, ಯೊಮ್ ಹೇಸನ್ ಅವರ ಅಪ್ಪ ಅಮ್ಮ ಈ ಹುಡುಗಿಯನ್ನು ದತ್ತು ತಗೊಂಡರು. 'ಯೊಮ್' ಬಂದದ್ದು ಆ ಮನೆಯಿಂದ. 2022ರ ಡ್ರಾಫ್ಟಿನಲ್ಲಿ ಪೆಪ್ಪರ್ಸ್ ತಂಡ ಆಕೆಯನ್ನು ಎಲ್ಲರಿಗಿಂತ ಮೊದಲು ಆರಿಸಿಕೊಂಡಿತು. ಪಾಪ, ಬೇಗನೇ ಮೊಣಕಾಲು ಕೈಕೊಟ್ಟಿತು. ಆ ಮಾತು ಬೇರೆ.

ಮಂಗೋಲಿಯಾ ಎರಡು ದೇಶದ ಪೌರತ್ವಕ್ಕೆ ಒಪ್ಪುವುದಿಲ್ಲ. ಒಂದು ಬೇಕಾದರೆ ಇನ್ನೊಂದನ್ನು ಬಿಡಬೇಕು. ಸುಮೊ ಕುಸ್ತಿಯ ಹಕುಹೊ ನಿಮಗೆ ಗೊತ್ತಿರಬಹುದು. 2000ದಲ್ಲಿ, ಹದಿನೈದರ ವಯಸ್ಸಿನಲ್ಲಿ, ಜಪಾನಿಗೆ ಬಂದ ಮಂಗೋಲಿಯಾದ ಹುಡುಗ. 45 ಪ್ರಶಸ್ತಿ ಗೆದ್ದು ದಾಖಲೆ ಬರೆದರು. ಆದರೂ ನಿವೃತ್ತಿಯ ನಂತರ ಸುಮೊ ಸಂಘದಲ್ಲಿ ಗುರುವಾಗಿ ಉಳಿಯಬೇಕಾದರೆ ಜಪಾನಿನ ಪ್ರಜೆ ಆಗಿರಲೇಬೇಕು ಅನ್ನುವ ನಿಯಮ ಅವರಿಗೂ ತಪ್ಪಲಿಲ್ಲ. ಅವರ ತಂದೆ ಮೊಂಖ್‌ಬಾತ್ 1968ರ ಮೆಕ್ಸಿಕೊ ಒಲಿಂಪಿಕ್ಸ್‌ನಲ್ಲಿ ಕುಸ್ತಿಯ ಬೆಳ್ಳಿ ಗೆದ್ದವರು, ಮಂಗೋಲಿಯಾಕ್ಕೆ ದೊಡ್ಡ ಮನುಷ್ಯ. 2018ರಲ್ಲಿ ತೀರಿಕೊಂಡರು. ಮಗ ಜಪಾನಿನ ಪೌರತ್ವ ಪಡೆದದ್ದು 2019ರಲ್ಲಿ. ತಂದೆ ಇರುವವರೆಗೂ ಕಾದರು ಅಂತ ನಾನು ಹೇಳುವುದಿಲ್ಲ. ಇಸವಿಗಳನ್ನಷ್ಟೇ ಹೇಳುತ್ತಿದ್ದೇನೆ.

ವಾಲಿಬಾಲ್‌ನಲ್ಲಿ ಈ ಕಟ್ಟು ಸಡಿಲವಾದದ್ದು 2023ರಲ್ಲಿ. ವಿದೇಶಿ ಆಟಗಾರನ ಜೊತೆಗೆ ಏಷ್ಯಾದ ಇನ್ನೊಬ್ಬರನ್ನು ಪ್ರತಿ ತಂಡವೂ ತಗೊಳ್ಳಬಹುದು ಅಂತ ಕೊರಿಯಾ ಹೊಸ ನಿಯಮ ತಂದಿತು. ಹೆಸರು ಏಷ್ಯನ್ ಕೋಟಾ. ಮೊದಲ ವರ್ಷದ ಸಂಬಳ 1 ಲಕ್ಷ ಡಾಲರ್. ಅದೇ ವರ್ಷ ಗಂಡಸರ ವಿಭಾಗದಲ್ಲಿ ಮೊಟ್ಟಮೊದಲು ಆಯ್ಕೆಯಾದವನು ಎಡ್ಡಿ ಅನ್ನುವ ಮಂಗೋಲಿಯಾದ ಹುಡುಗ. ಆತನ ಗೆಳೆಯ ಬಯರ್‌ಸೈಖಾನ್‌ಗೂ ತಂಡ ಸಿಕ್ಕಿತು. ಇಬ್ಬರೂ ಕೊರಿಯಾದ ಸುಂಚೊನ್ ಊರಿನ ಒಂದೇ ಹೈಸ್ಕೂಲಿನಲ್ಲಿ ಓದಿ, ಆಮೇಲೆ ಕೊರಿಯಾದಲ್ಲೇ ಕಾಲೇಜು ತಂಡಗಳಿಗೂ ಆಡಿದವರು.

ಇನ್‌ಕುಶಿ ಬಂದದ್ದು ಇವರ ಹಿಂದೆ. ಮೊಕ್ಪೊದಲ್ಲಿ ಒರುಹೊಂಗ್ ಓದಿದ ಅದೇ ಹೈಸ್ಕೂಲು, ಆಮೇಲೆ ಅದೇ ಊರಿನ ಕಾಲೇಜು. ಯಾರೂ ದತ್ತು ತಗೊಳ್ಳಬೇಕಾಗಲಿಲ್ಲ. ಹೆಸರು ಬದಲಾಗಲಿಲ್ಲ. ನಾಳೆ ಮಂಗೋಲಿಯಾ ತಂಡಕ್ಕೆ ಕರೆ ಬಂದರೆ ಹೋಗಿ ಆಡಬಹುದು. ದೇಶ ಬಿಡದೆಯೇ ಹೊರಗೆ ದುಡಿಯಬಹುದು ಅನ್ನುವ ಅನುಕೂಲ ಸಿಕ್ಕ ಮೊದಲ ಸಾಲಿನವಳು ಆಕೆ. ಅವಳನ್ನೇ ಹಿಡಿದು ದೇಶ ಬಿಟ್ಟವಳು ಅಂದರೆ ಹೇಗೆ ಮೇಷ್ಟ್ರೇ?

ದುಡ್ಡಿನ ಮಾತು ಬಿಡಿ. ದುಡಿಮೆಗೆ ಊರು ಬಿಡುವುದು ನಿಮ್ಮ ಜಿಲ್ಲೆಯವರಿಗೆ ನಾನು ವಿವರಿಸಬೇಕಾದ ಸಂಗತಿಯಲ್ಲ.

ಈಗ ಟಿ.ವಿ. ಕಡೆಗೆ ಬರೋಣ. ಕಿಮ್ ಯೊನ್‌ಕಿಯಾಂಗ್ ಗೊತ್ತಲ್ಲ, 2012ರ ಲಂಡನ್ ಒಲಿಂಪಿಕ್ಸ್‌ನಲ್ಲಿ ತಂಡ ನಾಲ್ಕನೇ ಸ್ಥಾನಕ್ಕೆ ಬಂದರೂ ಅತ್ಯುತ್ತಮ ಆಟಗಾರ್ತಿ ಅನಿಸಿಕೊಂಡವರು. ಅವರು 2025ರ ಏಪ್ರಿಲ್‌ನಲ್ಲಿ ಆಟ ಬಿಟ್ಟು, ಆ ವರ್ಷವೇ ಟಿ.ವಿ.ಯಲ್ಲಿ ಕೋಚ್ ಆದರು. ಲೀಗಿನಿಂದ ಹೊರಬಿದ್ದವರು, ಲೀಗಿಗೆ ಸೇರಲಾಗದವರು, ಇಂಥವರನ್ನೆಲ್ಲ ಸೇರಿಸಿ 'ವಂಡರ್‌ಡಾಗ್ಸ್' ಅಂತ ಒಂದು ತಂಡ ಕಟ್ಟಿದರು. ಅದರಲ್ಲಿ ಇನ್‌ಕುಶಿ ಇದ್ದಳು. ಕಿಮ್ ಅವಳಿಗೆ ಬೈದ ದೃಶ್ಯಗಳೇ ಎಲ್ಲ ಕಡೆ ಓಡಾಡಿದವು. ಹೆಸರು ಮನೆಮಾತಾಯಿತು. ಅದರಿಂದ ಲಾಭ ಆಗಿಲ್ಲ ಅಂತ ವಾದಿಸಿದರೆ ನಾನು ದಡ್ಡ.

ಆದರೆ ಶೋಗೂ ಮುಂಚೆಯೇ, 2025ರ ಏಷ್ಯನ್ ಕೋಟಾ ಆಯ್ಕೆಗೆ ಆಕೆ ಹೆಸರು ಕೊಟ್ಟಿದ್ದಳು. ಆಗ ಯಾವ ತಂಡವೂ ಆರಿಸಿಕೊಳ್ಳಲಿಲ್ಲ. ದೇಜಾನ್ ಊರಿನ ರೆಡ್ ಸ್ಪಾರ್ಕ್ಸ್ ತಂಡ ಕೋಟಾದಲ್ಲಿ ತಗೊಂಡದ್ದು ಥಾಯ್ಲೆಂಡಿನ ವಿಪಾವಿ ಶ್ರೀತೋಂಗ್ ಅವರನ್ನು. ವಿಪಾವಿಯ ಮೊಣಕಾಲು ಸುಧಾರಿಸಲೇ ಇಲ್ಲ. ಸೀಸನ್ ನಡುವೆ ಡಿಸೆಂಬರ್‌ನಲ್ಲಿ ಬದಲಿ ಆಟಗಾರ್ತಿ ಬೇಕಾಯಿತು. ಆಗ ಇನ್‌ಕುಶಿಗೆ ಕರೆ ಬಂತು. ಒಬ್ಬಳ ನೋವಿನಿಂದ ಇನ್ನೊಬ್ಬಳಿಗೆ ಜಾಗ. ಆಟದ ಲೋಕ ಇರುವುದೇ ಹೀಗೆ, ನಿಮಗೆ ನನಗಿಂತ ಜಾಸ್ತಿ ಗೊತ್ತು. ಆ ತಂಡದ ಸೆಟ್ಟರ್ ಯಾರು ಗೊತ್ತಾ? ಅದೇ ಯೊಮ್ ಹೇಸನ್!

ಆಟ ಹೇಗೆ ಅಂದರೆ, ಸ್ಮ್ಯಾಷ್ ಚೆನ್ನಾಗಿದೆ, ಎದುರಿನವರ ಸರ್ವೀಸ್ ಎತ್ತುವುದು ಕಷ್ಟ. ಎತ್ತರ 180 ಸೆಂ.ಮೀ. ಆ ಎತ್ತರದಲ್ಲಿ ಎಡಗಡೆಯಿಂದ ಹೊಡೆಯುವವಳು ಹಿಂದಿನ ಸಾಲಿಗೆ ಬಂದಾಗ ಚೆಂಡು ಎತ್ತಲೇಬೇಕು. ಕೊರಿಯಾದ ಕೋಚ್‌ಗಳು ದಯೆ ತೋರಿಸುವವರಲ್ಲ. ಯಾರ ಕೈ ಮೆತ್ತಗಿದೆಯೋ ಅವರ ಮೇಲೆಯೇ ಸರ್ವೀಸ್ ಮೇಲೆ ಸರ್ವೀಸ್ ಹಾಕಿಸುತ್ತಾರೆ. ಇನ್‌ಕುಶಿಗೂ ಅದೇ ಆಯಿತು. ಕಳೆದ ಸಂಚಿಕೆಯ ಲೇಖನ ಇದನ್ನು ಒಂದೇ ಸಾಲಿನಲ್ಲಿ ಮುಗಿಸಿತ್ತು. ನೀವು ಅದನ್ನು ಹೊಗಳಿಕೆ ಅಂದುಕೊಂಡದ್ದು ಸಹಜ. ಇದೇ ರೆಡ್ ಸ್ಪಾರ್ಕ್ಸ್‌ಗೆ ಹಿಂದೆ ಆಡಿದ ಇಂಡೊನೇಷ್ಯಾದ ಮೆಗಾವತಿ ಜೊತೆ ಹೋಲಿಸಿದರೆ ಈ ಹುಡುಗಿ ಇನ್ನೂ ಬಹಳ ಕೆಳಗಿದ್ದಾಳೆ. ಮೆಗಾವತಿ ಒಬ್ಬಳೇ ತಂಡವನ್ನು ಫೈನಲ್‌ವರೆಗೆ ಎಳೆದುಕೊಂಡು ಹೋದಂತಿತ್ತು, 2025ರಲ್ಲಿ.

ಮಂಗೋಲಿಯಾದ ಮಕ್ಕಳನ್ನು ಕೊರಿಯಾದ ಶಾಲೆಗಳು ಯಾಕೆ ಕರೆಸಿಕೊಳ್ಳುತ್ತವೆ? ಮೊಕ್ಪೊ, ಸುಂಚೊನ್ ಎರಡೂ ದೇಶದ ದಕ್ಷಿಣದ ತುದಿಯ ಚೊಲ್ಲಾ ಸೀಮೆಯ ಊರುಗಳು. ಅಲ್ಲಿನ ಯುವಕರು ರಾಜಧಾನಿ ಸೋಲ್ ಕಡೆಗೆ ಹೋಗುತ್ತಿದ್ದಾರೆ. ಕೊರಿಯಾದಲ್ಲಿ ಮಕ್ಕಳು ಹುಟ್ಟುವುದೇ ಕಮ್ಮಿ. 2023ರಲ್ಲಿ ಒಬ್ಬ ಹೆಂಗಸಿಗೆ ಸರಾಸರಿ 0.72 ಮಗು. ಇಂಥ ಕಡೆ ಶಾಲಾ ತಂಡಕ್ಕೆ ಆರು ಜನ ಹೊಂದಿಸುವುದೂ ಕಷ್ಟ. ಇತ್ತ ಮಂಗೋಲಿಯಾ ಕರ್ನಾಟಕದ ಎಂಟು ಪಟ್ಟು ದೊಡ್ಡದು, ಜನ ಮಾತ್ರ ಸುಮಾರು 35 ಲಕ್ಷ. ಅದರಲ್ಲಿ ಅರ್ಧದಷ್ಟು ಜನ ಉಲಾನ್‌ಬಾತರ್ ಒಂದರಲ್ಲೇ. ಚಳಿಗಾಲದಲ್ಲಿ ಮೈನಸ್ 30 ಡಿಗ್ರಿ. ಹಾಗಾಗಿ ಮಕ್ಕಳು ಆಡುವುದು ಶಾಲೆಯ ಹಾಲ್‌ನಲ್ಲಿ, ಸೂರಿನಡಿ. ವಾಲಿಬಾಲ್, ಬಾಸ್ಕೆಟ್‌ಬಾಲ್ ಅಲ್ಲಿ ಬೇರೂರಲು ಇದೂ ಒಂದು ಕಾರಣ ಇರಬೇಕು. ಎತ್ತರದ ಮಕ್ಕಳಿದ್ದಾರೆ, ಆದರೆ ಕೊರಿಯಾ ಲೀಗಿನಷ್ಟು ದುಡಿಮೆ ಕೊಡುವ ಲೀಗ್ ಮನೆಯಲ್ಲಿ ಇಲ್ಲ.

ಕೊನೆಗೆ ನಮ್ಮ ಹುಡುಗರ ವಿಷಯ. ಜಾಗ ಖಂಡಿತ ಇದೆ. 2023ರ ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ ಭಾರತ ಇದೇ ಕೊರಿಯಾವನ್ನು 3-2ರಿಂದ ಸೋಲಿಸಿತ್ತು. ನಿಮ್ಮ ಕಡೆಯ ಅಶ್ವಲ್ ರೈ ಆ ತಂಡದಲ್ಲಿದ್ದರು. 2025ರಲ್ಲಿ ಬೆಂಗಳೂರು ಟಾರ್ಪಿಡೋಸ್ ಪ್ರೈಮ್ ವಾಲಿಬಾಲ್ ಲೀಗ್ ಗೆದ್ದಾಗಲೂ ನಾವು ಪುಟ ಕೊಡಬಹುದಿತ್ತು, ಈ ಮಾತು ಒಪ್ಪುತ್ತೇನೆ. ಕೇರಳದ ಜಿಮ್ಮಿ ಜಾರ್ಜ್ ಎಂಬತ್ತರ ದಶಕದಲ್ಲೇ ಇಟಲಿಗೆ ಹೋಗಿ ಆಡಿದ್ದರು. ಅವರು ಹೋದ ದಾರಿ ಆಮೇಲೆ ಯಾಕೆ ಅಗಲವಾಗಲಿಲ್ಲ ಅನ್ನುವುದು ನನಗೂ ಇರುವ ಸಿಟ್ಟು.

ಏಷ್ಯನ್ ಕೋಟಾ ಶುರುವಾದಾಗ ಪೂರ್ವ ಮತ್ತು ಆಗ್ನೇಯ ಏಷ್ಯಾದ ಕೆಲವು ದೇಶಗಳಿಗೆ ಮಾತ್ರ ಇತ್ತು. ಮರುವರ್ಷ ಇಡೀ ಏಷ್ಯಾಕ್ಕೆ ತೆರೆದರು. ಇರಾನಿನವರು ಬಂದರು, ಬಹರೇನಿನ ಯಾಕೂಬ್ ಬಂದು ಆಡಿದರು. ಅಂದಮೇಲೆ ನಿಮ್ಮ ಶಿಷ್ಯರಿಗೂ ಬಾಗಿಲು ಮುಚ್ಚಿಲ್ಲ. 2026-27ರ ಸೀಸನ್‌ನಿಂದ ಈ ಆಯ್ಕೆ ಪದ್ಧತಿ ಹೋಗಿ, ತಂಡಗಳೇ ನೇರವಾಗಿ ಒಪ್ಪಂದ ಮಾಡಿಕೊಳ್ಳುವ ಕ್ರಮ ಬರುತ್ತದೆ. ಇನ್‌ಕುಶಿಯಂಥ ಕಲಿಯುತ್ತಿರುವವರಿಗೆ ಅದು ಕಷ್ಟವೇ, ಅನುಭವಿಗಳ ಹಿಂದೆ ತಂಡಗಳು ಓಡುತ್ತವೆ. ನಮ್ಮಲ್ಲಿ ಲೀಗ್ ಆಡಿ ಹದವಾದ ಹುಡುಗರಿಗೆ ಅದೇ ಅನುಕೂಲ ಆಗಬಹುದು. ನಿಮ್ಮ ಕಣ್ಣಿಗೆ ಬಿದ್ದ ಅಂಥವರು ಯಾರಾದರೂ ಇದ್ದರೆ ಬರೆದು ಕಳಿಸಿ. ಎರಡು ಪುಟ ಕಾದಿರಿಸಿದ್ದೇನೆ. ಸರ್ವೀಸ್ ಎತ್ತಲು ಬರುತ್ತದೋ ಇಲ್ಲವೋ ಅನ್ನುವುದನ್ನೂ ಮರೆಯದೆ ಬರೆಯಿರಿ.

— ಸಂಪಾದಕ