ಅಂಕವನ್ನೇ ಹಾಕದ ಉತ್ತರ: ಕೋರ್ಟಿಗೆ ಹೋಗಬಹುದಾ?

ಪ್ರಶ್ನೆ: ಮಗಳು ಬಿ.ಎಸ್‌ಸಿ. ಐದನೇ ಸೆಮಿಸ್ಟರ್. ಒಂದು ವಿಷಯದಲ್ಲಿ ನಾಲ್ಕು ಅಂಕದಿಂದ ಫೇಲ್ ಆಗಿದ್ದಾಳೆ. ಉತ್ತರ ಪತ್ರಿಕೆಯ ಝೆರಾಕ್ಸ್ ತರಿಸಿದರೆ ಒಂದು ಉತ್ತರಕ್ಕೆ ಅಂಕವನ್ನೇ ಹಾಕಿಲ್ಲ, ಇನ್ನೆರಡಕ್ಕೆ ತೀರಾ ಕಡಿಮೆ ಕೊಟ್ಟಿದ್ದಾರೆ. ಮರುಮೌಲ್ಯಮಾಪನದಲ್ಲೂ ‘ಬದಲಾವಣೆ ಇಲ್ಲ’ ಅಂತ ಬಂತು. ಗ್ರಾಹಕರ ಕೋರ್ಟಿಗೆ ಹೋದರೆ ಖರ್ಚು ಕಡಿಮೆ ಅಂತಾರೆ. ಏನು ಮಾಡಲಿ?
– ಓದುಗರೊಬ್ಬರು, ಗದಗ

ಉತ್ತರ: ಗ್ರಾಹಕರ ಕೋರ್ಟು ಬೇಡ. ಪರೀಕ್ಷೆ ನಡೆಸುವುದು ಗ್ರಾಹಕ ಕಾಯ್ದೆಯ ‘ಸೇವೆ’ ಅಲ್ಲ ಅಂತ ಸುಪ್ರೀಂ ಕೋರ್ಟು 2009ರಲ್ಲೇ ಬಿಹಾರದ ಪರೀಕ್ಷಾ ಮಂಡಳಿಯ ಕೇಸಿನಲ್ಲಿ ಹೇಳಿದೆ. ಅಲ್ಲಿ ಸುಮ್ನೆ ತಿಂಗಳುಗಟ್ಟಲೆ ಕಳೆದುಹೋಗುತ್ತದೆ. ನಿಮ್ಮ ದಾರಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ (ವಿಶ್ವವಿದ್ಯಾಲಯಕ್ಕೆ ತಪ್ಪು ಸರಿಪಡಿಸಲು ಆದೇಶ ಕೊಡಿ ಅಂತ ನೇರವಾಗಿ ಹೈಕೋರ್ಟನ್ನು ಕೇಳುವ ಅರ್ಜಿ), ಗದಗದವರಿಗೆ ಧಾರವಾಡ ಪೀಠ.

ಆದರೆ ಹೋಗುವ ಮುಂಚೆ ನಿಮ್ಮ ದೂರನ್ನು ಎರಡಾಗಿ ಬಿಡಿಸಿಕೊಳ್ಳಿ. ‘ಕಡಿಮೆ ಕೊಟ್ಟಿದ್ದಾರೆ’ ಎನ್ನುವುದನ್ನು ಕೋರ್ಟು ಕೇಳುವುದಿಲ್ಲ ಅಂತಲೇ ಇಟ್ಟುಕೊಳ್ಳಿ. ಎಂಟು ಸಿಗಬೇಕಿತ್ತು, ಐದು ಸಿಕ್ಕಿದೆ ಅಂದರೆ ಅದನ್ನು ತೀರ್ಮಾನಿಸಲು ನ್ಯಾಯಾಧೀಶರೇ ಪೇಪರ್ ತಿದ್ದಬೇಕಾಗುತ್ತದೆ, ಆ ಕೆಲಸ ನಮ್ಮದಲ್ಲ ಅಂತ ಅವರು ಎಷ್ಟೋ ಸಲ ಹೇಳಿದ್ದಾರೆ. ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿ ಪರೀಕ್ಷೆ ಬಗ್ಗೆ 2017ರಲ್ಲಿ ಬಂದ ರಣ್ ವಿಜಯ್ ಸಿಂಗ್ ತೀರ್ಪು ಇದನ್ನು ಗಟ್ಟಿ ಮಾಡಿತು: ಮರುಮೌಲ್ಯಮಾಪನಕ್ಕೆ ನಿಯಮ ಇಲ್ಲದಿದ್ದರೆ ಕೋರ್ಟು ಕೈಹಾಕುವುದು ತೀರಾ ಅಪರೂಪಕ್ಕೆ, ಅದೂ ತಪ್ಪು ಎದ್ದು ಕಾಣುವಂತಿರಬೇಕು, ವಾದ ಹೂಡಿ ಸಾಬೀತು ಮಾಡಬೇಕಾದ ತಪ್ಪು ಸಾಲದು. ಅನುಮಾನ ಉಳಿದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೇ.

ಅಂಕವನ್ನೇ ಹಾಕದ ಉತ್ತರದ ಮಾತು ಬೇರೆ. ಅದು ಕಣ್ಣಿಗೆ ಕಾಣುವ ತಪ್ಪು, ನಿಮ್ಮ ಕೇಸಿನ ಜೀವ ಅದರಲ್ಲೇ ಇದೆ. ಆ ಪುಟವನ್ನು ಇನ್ನೊಮ್ಮೆ ನೋಡಿ. ಉತ್ತರದ ಪಕ್ಕದಲ್ಲಿ ಕೆಂಪು ಗೀಟು, ಸೊನ್ನೆ, ಏನಾದರೂ ಇದೆಯಾ? ಮುಖಪುಟದ ಅಂಕಪಟ್ಟಿಯಲ್ಲಿ ಆ ಪ್ರಶ್ನೆಯ ಮನೆ ಖಾಲಿಯಿದೆಯಾ? ಸೊನ್ನೆ ಹಾಕಿದ್ದರೆ ತಿದ್ದಿದ್ದಾರೆ ಅಂತ ಅರ್ಥ, ಆಗ ಕೇಸು ತುಂಬಾ ಸಡಿಲವಾಗುತ್ತದೆ. ಖಾಲಿಯಿದ್ದರೆ ಮೊದಲು ವಿಶ್ವವಿದ್ಯಾಲಯದ ಕುಲಸಚಿವರಿಗೆ (ಮೌಲ್ಯಮಾಪನ) ಒಂದು ಪತ್ರ ಬರೆಯಿರಿ. ಪುಟದ ಸಂಖ್ಯೆ, ಪ್ರಶ್ನೆಯ ಸಂಖ್ಯೆ ಹಾಕಿ, ಇಷ್ಟು ದಿನದೊಳಗೆ ಸರಿಪಡಿಸಿ ಅಂತ ಕೇಳಿ, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಮೂಲ ಉತ್ತರ ಪತ್ರಿಕೆಯನ್ನು ನಾಶ ಮಾಡಬಾರದು ಅಂತಲೂ ಅದರಲ್ಲೇ ಬರೆಯಿರಿ. ನಿಗದಿತ ಅವಧಿ ಮುಗಿದ ಮೇಲೆ ಪತ್ರಿಕೆಗಳನ್ನು ವಿಲೇವಾರಿ ಮಾಡಿಬಿಡುತ್ತಾರೆ, ಆಮೇಲೆ ಯಾವ ಕೋರ್ಟೂ ಏನೂ ಮಾಡಲಾಗದು. ಹಾಗಾಗಿ ತಡ ಬೇಡ. ಆ ಪತ್ರಕ್ಕೆ ಉತ್ತರ ಬರದಿದ್ದರೆ ಅದೇ ನಿಮ್ಮ ರಿಟ್ ಅರ್ಜಿಗೆ ಆಧಾರ.

ಝೆರಾಕ್ಸೇ ಸಿಗದ ಓದುಗರಿಗೂ ಒಂದು ಮಾತು. ಮೌಲ್ಯಮಾಪನವಾದ ನಿಮ್ಮ ಉತ್ತರ ಪತ್ರಿಕೆ ಮಾಹಿತಿ ಹಕ್ಕಿನ ‘ಮಾಹಿತಿ’ಯೇ ಅಂತ 2011ರಲ್ಲಿ ಸುಪ್ರೀಂ ಕೋರ್ಟು ಸಿಬಿಎಸ್‌ಇ ಕೇಸಿನಲ್ಲಿ ಹೇಳಿದೆ. ಅರ್ಜಿ ಹಾಕಿದರೆ ವಿಶ್ವವಿದ್ಯಾಲಯ 30 ದಿನದಲ್ಲಿ ಉತ್ತರ ಕೊಡಬೇಕು. ತಿದ್ದಿದವರ ಹೆಸರು ಮಾತ್ರ ಸಿಗುವುದಿಲ್ಲ, ಅದು ಸರಿಯೇ.

ಮಗಳಿಗೆ ಆ ವಿಷಯದ ಪರೀಕ್ಷೆಯ ಶುಲ್ಕ ಕಟ್ಟಿಸಿಬಿಡಿ. ಕೇಸು ಯಾವಾಗ ಮುಗಿಯುತ್ತದೋ ಹೇಳಲಾಗದು, ಅವಳ ಒಂದು ವರ್ಷ ಅದಕ್ಕಾಗಿ ಹಾಳಾಗಬಾರದು ಅಲ್ವಾ? ಆಕ್ಷೇಪಣೆ ಉಳಿಸಿಕೊಂಡೇ ಪರೀಕ್ಷೆ ಬರೆಯುತ್ತಿದ್ದೇನೆ ಅಂತ ಅದೇ ಪತ್ರದಲ್ಲಿ ಒಂದು ಸಾಲು ಸೇರಿಸಿ.